ಡಬ್ಬಿ ಮಾವನ ಶನಿವಾರ

ನೀಲಾವತಿ ಟೀಚರ್ ಗುರುವಾಯನಕೆರೆಯ ಮಕ್ಕಳಿಗೆ ಕಲಿಸಿದ್ದು ಲೆಕ್ಕ. ಮಕ್ಕಳಿಗೆ ನೆನಪುಳಿದದ್ದು ನಕ್ಕದ್ದು ಮಾತ್ರ. 1957ರಿಂದ ಹತ್ತು ವರ್ಷ, ಶನಿವಾರ ಮಧ್ಯಾಹ್ನ ಶಾಲೆ ಬಿಟ್ಟ ಮೇಲೆ, ಭೋಜಣ್ಣನ ಅಕ್ಕಿ ಮಿಲ್ಲಿನ ಷೆಡ್ಡಿನಲ್ಲಿ ಅರ್ಧ ಗಂಟೆಯ ನಗೆನಾಟಕ. ಬರೆಯುವುದು, ಆಡಿಸುವುದು, ಬೆಂಚು ಹೊರಿಸುವುದು ಎಲ್ಲ ಟೀಚರೇ. ನಾಟಕದಲ್ಲಿ ಪ್ರತಿ ವಾರವೂ ಅದೇ ಮನೆ, ಅದೇ ಜನ, ಹೊಸ ಫಜೀತಿ. ಶನಿವಾರದ ಫಜೀತಿ ಶನಿವಾರವೇ ಮುಗಿಯಬೇಕೆಂಬುದು ಅವರ ಕಾನೂನು. ಸೋಮವಾರಕ್ಕೆ ಲೆಕ್ಕ ಇದ್ದೇ ಇತ್ತಲ್ಲ.

ಆ ಮನೆಯ ಯಜಮಾನ ಡಬ್ಬಿ ಮಾವ. ಆಸ್ತಿ ಹೆಣ್ಣಿನ ಕಡೆಯಿಂದ ಇಳಿಯುವ ಅಳಿಯಸಂತಾನದ ಊರು, ಮನೆಯ ಕೀಲಿಕೈ ಗೊಂಚಲು ತಾಯಿಯ ಅಣ್ಣನ ಸೊಂಟದಲ್ಲೇ. ಡಬ್ಬಿ ಮಾವನಾದರೋ ಬೆಲ್ಲದ ಡಬ್ಬಿಗೂ ಬೀಗ ಜಡಿದು, ಕೀಲಿಕೈಯನ್ನು ಡಬ್ಬಿಯೊಳಗೇ ಮರೆಯುವವನು. ನಾಲ್ಕನೆಯ ವರ್ಷ ಮಸಿಯ ಮೀಸೆ ಬಳಿದುಕೊಂಡು ಅವನಾಗುತ್ತಿದ್ದವಳು ಏಳನೇ ಕ್ಲಾಸಿನ ಕಾಂತಿ.

ಆ ಮಳೆಗಾಲದಲ್ಲಿ ಊರಿನ ಒಂದು ಮನೆಯ ಯಜಮಾನ ವೆಂಕಪ್ಪ ಶೆಟ್ಟರು ಶಾಲೆಗೇ ಬಂದರು.

"ನಾನು ಬೆಲ್ಲಕ್ಕೆ ಬೀಗ ಹಾಕುವುದನ್ನು ನಿಮಗೆ ಹೇಳಿದ್ದು ಯಾರು ಟೀಚರೇ?"

ಮರುದಿನ ಇನ್ನೊಂದು ಮನೆಯ ಯಜಮಾನ ನಿತ್ಯಾನಂದ ಹೆಗ್ಡೆ. "ಊಟಕ್ಕೆ ಕೂತರೆ ಅಳಿಯಂದಿರು ನನ್ನ ಮುಖ ನೋಡಿ ಕಿಸಿಕಿಸಿ ಮಾಡ್ತಾರೆ. ಇದೆಲ್ಲ ಎಂಥದು?"

ಮೂರನೆಯ ದಿನ ಷೆಡ್ಡಿನ ಧಣಿ ಭೋಜಣ್ಣನೇ. "ನನ್ನ ಷೆಡ್ಡಿನಲ್ಲೇ ನನ್ನ ಮರ್ಯಾದೆ ತೆಗೆಯುವುದಾ? ಆ ಮಾವನನ್ನು ತೆಗೆಯಿರಿ. ಇಲ್ಲದಿದ್ದರೆ ಷೆಡ್ಡು ಬಿಡಿ."

ಟೀಚರ್ ಈ ಮೂವರ ಅಡುಗೆಮನೆಯನ್ನೂ ಕಂಡವರಲ್ಲ. ಬರೆದದ್ದು ಕನ್ಯಾನದಲ್ಲಿದ್ದ ತಮ್ಮ ಸ್ವಂತ ಸೋದರಮಾವನನ್ನು. ಬೆಲ್ಲಕ್ಕೆ ಬೀಗ ಹಾಕಿ, ತಂಗಿಯ ಮಗಳ ಓದಿಗೆ ಮಾತ್ರ ಎಂದೂ ಬೀಗ ಹಾಕದವರನ್ನು. ಆದರೆ ಅದನ್ನು ಹೇಳಿದರೆ ನಂಬುವವರು ಯಾರು? ಮಳೆಗಾಲದಲ್ಲಿ ಇನ್ನೂರು ಮಕ್ಕಳು ಕೂರುವ ಸೂರು ಊರಿನಲ್ಲಿ ಅದೊಂದೇ. ಮಾವನನ್ನು ಬಿಟ್ಟೇ ಬರೆಯೋಣವೆಂದು ಕೂತರು. ಎರಡು ಪುಟ ಓದಿದ ಕಾಂತಿ ಮುಖ ಸಣ್ಣದು ಮಾಡಿದಳು.

"ಬೈಯುವವರೇ ಇಲ್ಲದ ಮನೆಯಲ್ಲಿ ನಗುವುದು ಯಾವಾಗ ಟೀಚರ್?"

ಟೀಚರ್ ಆ ಪುಟಗಳನ್ನು ಹರಿದು, ಮೂವರಿಗೂ ಹೇಳಿ ಕಳಿಸಿದರು: "ಕೇಳಿ ಸಿಟ್ಟಾದದ್ದು ಸಾಕು. ಒಮ್ಮೆ ನೋಡಿ. ಆಮೇಲೆ ನೀವು ಹೇಳಿದ ಹಾಗೆ ಮಾಡ್ತೇನೆ."

ಶನಿವಾರ ಮೂವರೂ ಎದುರಿನ ಬೆಂಚಿನಲ್ಲಿ. ಉಳಿದಿಬ್ಬರು ಯಾಕೆ ಬಂದರೆಂದು ಪ್ರತಿಯೊಬ್ಬರಿಗೂ ಆಶ್ಚರ್ಯ. ಟೀಚರ್ ಪರದೆ ಸರಿಸಿದರು. ಡಬ್ಬಿ ಮಾವ ಬಂದ, ಕೆಮ್ಮಿದ, ಸೊಂಟ ತಡಕಿದ, ಕೀಲಿಕೈ ಕಾಣದೆ ಮನೆಯವರನ್ನೆಲ್ಲ ಸಾಲಾಗಿ ನಿಲ್ಲಿಸಿದ. ವೆಂಕಪ್ಪ ಶೆಟ್ಟರು ಮೆಲ್ಲಗೆ ನಿತ್ಯಾನಂದರನ್ನು ನೋಡಿದರು. ನಿತ್ಯಾನಂದರು ಭೋಜಣ್ಣನನ್ನು ನೋಡಿದರು. ಭೋಜಣ್ಣ ವೆಂಕಪ್ಪ ಶೆಟ್ಟರನ್ನು ನೋಡಿದವನೇ ಹೊಟ್ಟೆ ಹಿಡಿದುಕೊಂಡ. ಮೂವರೂ ನಕ್ಕ ನಗೆಗೆ ಬೆಂಚು ಕಿರುಗುಟ್ಟಿತು. ಮಾವಂದಿರು ನಗುವುದನ್ನು ಎಂದೂ ಕಂಡಿರದ ಮಕ್ಕಳು ಗಾಬರಿಯಾಗಿ ಒಂದು ಗಳಿಗೆ ತಾವೇ ನಗು ನಿಲ್ಲಿಸಿದರು.

ನಾಟಕ ಮುಗಿದ ಮೇಲೆ ಭೋಜಣ್ಣ ಟೀಚರನ್ನು ಬದಿಗೆ ಕರೆದ.

"ಪಾಪ, ವೆಂಕಪ್ಪಣ್ಣನನ್ನೇ ಹೀಗೆ ಆಡಿಸಿ ತೋರಿಸಬಾರದಿತ್ತು ನೀವು," ಎಂದು ಕಣ್ಣೊರೆಸಿಕೊಂಡ. "ಬರುವ ವಾರ ನಾಲ್ಕು ಬೆಂಚು ಹೆಚ್ಚು ಹಾಕಿಸ್ತೇನೆ. ನನ್ನ ತಂಗಿಯಂದಿರೂ ನೋಡಲಿ, ಬೇರೆಯವರ ಮನೆಯಲ್ಲಿ ಎಂಥೆಂಥ ಮಾವಂದಿರು ಉಂಟು ಅಂತ."