ಅಕ್ಕ ಓದಿದ ಕೊನೆಯ ಕಂತು

ತೊಂಬತ್ತರ ದಶಕದ ಒಂದು ಮೇ ತಿಂಗಳು. ಯೆರವಡಾದ ನಮ್ಮ ಮನೆಯ ಗಚ್ಚಿಯ ಮೇಲೆ ಅವ್ವ ಮತ್ತು ಚಿಕ್ಕಪ್ಪನ ಹೆಂಡತಿ ಕಾಕು ಸಂಡಿಗೆ ಇಡುತ್ತಿದ್ದರು. ಮುಟ್ಟಾದವರು ಹಿಟ್ಟಿನ ಹತ್ತಿರ ಬರುವಂತಿರಲಿಲ್ಲ. ಆ ದಿನ ಅಕ್ಕ ಹೊರಗಾಗಿದ್ದಳು. ದೂರ, ನೀರಿನ ಟಾಕಿಯ ನೆರಳಿನಲ್ಲಿ ಕೂತು, ಧಾರವಾಡದಿಂದ ಬಂದ ವಾರಪತ್ರಿಕೆಯ ಧಾರಾವಾಹಿಯನ್ನು ಎಲ್ಲರಿಗೂ ಕೇಳುವಂತೆ ಓದುವುದು ಅವಳ ಕೆಲಸ. ಕಾಗೆ ಓಡಿಸುವ ಕೋಲು ಹಿಡಿದು ನಾನು ಅವಳ ಬೆನ್ನ ಹಿಂದೆ, ಮುಟ್ಟದಷ್ಟು ದೂರದಲ್ಲಿ ನಿಂತಿದ್ದೆ. ಅಲ್ಲಿಂದ ಅಕ್ಷರ ಕಾಣುತ್ತಿತ್ತು.

ಎರಡು ದಿನದ ಹಿಂದೆ ಎದುರು ಮನೆಯ ಹುಡುಗ ಬಸ್ ಸ್ಟಾಪಿನಲ್ಲಿ ಅಕ್ಕನಿಗೆ, ಮನೆಯವರು ಒಪ್ಪುವುದಿಲ್ಲ, ಮಳೆಗೆ ಮುಂಚೆ ತನ್ನ ಲಗ್ನ ಎಂದು ಮರಾಠಿಯಲ್ಲಿ ಹೇಳಿದ್ದ. ರಂಗಪಂಚಮಿಗೆ ಶುರುವಾದದ್ದು ಅಲ್ಲಿಗೆ ಮುಗಿಯಿತು. ಜೊತೆಗಿದ್ದ ನಾನು ಹೆದರಿ ಎಲ್ಲವನ್ನೂ ಅವ್ವನಿಗೆ ಹೇಳಿಬಿಟ್ಟೆ. ಆ ಚಾಡಿ ಇಂದಿಗೂ ನನ್ನನ್ನು ಬಿಟ್ಟಿಲ್ಲ. ಅವ್ವ ಬೈಯಲಿಲ್ಲ. ಸೋಮವಾರದಿಂದ ಅಕ್ಕ ವಿಮಾನ ನಗರದ ತನ್ನ ಆಫೀಸಿಗೆ ಹೋಗುವುದು ಬೇಡ ಎಂದಳು, ಅಷ್ಟೇ.

ಧಾರಾವಾಹಿಯದೂ ಅದೇ ಕಥೆ. ರಜೆಗೆ ಬಂದ ಹುಡುಗಿ, ಮಾವಿನ ತೋಪು, ಕೈಬಿಟ್ಟ ಹುಡುಗ. ಕೊನೆಯ ಕಂತಿನಲ್ಲಿ, ಮೊದಲ ಮಳೆ ಬಿದ್ದಾಗ, ಹುಡುಗಿ ಬಾವಿಗೆ ಹಾರುತ್ತಾಳೆ. ಅಚ್ಚಾದದ್ದು ಹಾಗೆ. ಅಕ್ಕ ಬಾವಿಯವರೆಗೆ ಓದಿ ನಿಲ್ಲಿಸಿದಳು. ಆಮೇಲೆ ಅದೇ ಧ್ವನಿಯಲ್ಲಿ ಮುಂದುವರಿಸಿದಳು: ಹುಡುಗಿ ಒಂದು ಕೊಡ ನೀರು ಸೇದಿ, ಮುಖ ತೊಳೆದುಕೊಂಡು, ಸೋಮವಾರ ಕೆಲಸಕ್ಕೆ ಹೋದಳು.

ಪುಟದಲ್ಲಿ ಕೊಡವೂ ಇರಲಿಲ್ಲ, ಸೋಮವಾರವೂ ಇರಲಿಲ್ಲ.

“ಇದೆಂಥಾ ಕಥಿ ನಮ್ಮವ್ವ,” ಎಂದರು ಕಾಕು. “ಹನ್ನೆರಡು ವಾರ ನಮ್ಮನ್ನ ಅಳಿಸಿ, ಕಡೀಕ ಮಾರಿ ತೊಳ್ಕೊಂಡ್ಲಂತ.”

ಅವ್ವ ಹಿಟ್ಟಿನ ಕೈಯನ್ನು ಸೆರಗಿಗೆ ಒರೆಸಿಕೊಂಡು ಎದ್ದಳು. ನೇರ ಹೋಗಿ ಅಕ್ಕನ ಕೈಯಿಂದ ಪತ್ರಿಕೆ ತೆಗೆದುಕೊಂಡಳು. ಕಾಕು ತಡೆಯುವಷ್ಟರಲ್ಲಿ ಮೈಲಿಗೆ ಆಗಿಹೋಗಿತ್ತು. ಇನ್ನು ಸ್ನಾನವಾಗದೆ ಅವ್ವ ಹಿಟ್ಟು ಮುಟ್ಟುವಂತಿರಲಿಲ್ಲ. ಅವಳು ಪುಟವನ್ನು ಮೇಲಿಂದ ಕೆಳಗಿನವರೆಗೆ ಓದಿದಳು. ಅಕ್ಕ ತಲೆ ತಗ್ಗಿಸಲಿಲ್ಲ.

“ಖರೇನ ಹಂಗ ಬರದಾರೇನ್ರಿ, ವೈನಿ?” ಕಾಕು ಅವ್ವನನ್ನು ಕೇಳಿದರು.

“ಹೌದು,” ಎಂದಳು ಅವ್ವ. “ಸೋಮವಾರ ಹೋಗಿದ್ದೂ ಬರದಾರ.” ಹೇಳಿ ಅಕ್ಕನ ಪಕ್ಕದಲ್ಲೇ ಕೂತಳು.

ಉಳಿದ ಹಿಟ್ಟನ್ನು ಕಾಕು ಒಬ್ಬರೇ ಗೊಣಗುತ್ತ ಇಟ್ಟು ಮುಗಿಸಿದರು. ಸೋಮವಾರ ಅಕ್ಕ ಆಫೀಸಿಗೆ ಹೊರಟಳು, ಎದುರು ಮನೆಯ ಬಾಗಿಲ ಮುಂದಿನಿಂದಲೇ. ಸಂಡಿಗೆ ಒಣಗಿದ ಮೇಲೆ, ಡಬ್ಬಿಗೆ ತುಂಬುವ ಮೊದಲು, ಅವ್ವ ಆ ಪುಟವನ್ನೇ ಹರಿದು ತಳಕ್ಕೆ ಹಾಸಿದಳು, ಬಾವಿಯ ಕಥೆ ಅಚ್ಚಾಗಿದ್ದ ಬದಿಯನ್ನು ಕೆಳಗೆ ಮಾಡಿ.