ನನ್ನ ಬಾಯಿ, ಇನ್ನೊಬ್ಬನ ದನಿ

ಹದಿನೆಂಟು ವರ್ಷ ಸಿನಿಮಾದಲ್ಲಿ ಗೌಡರ ಹಿಂದೆ ಕೊಡೆ ಹಿಡಿದು ನಡೆದಿದ್ದೇನೆ, ಪೊಲೀಸ್ ಪೇದೆಯಾಗಿ ನಾಯಕನ ಕೈಯಲ್ಲಿ ಏಟು ತಿಂದಿದ್ದೇನೆ. ಶೂಟಿಂಗಿಗೆ ಕರೆ ಬಂದಾಗಲೆಲ್ಲ ಕುಷ್ಟಗಿಯ ನಮ್ಮ ಫೋಟೊ ಸ್ಟುಡಿಯೊವನ್ನು ಹೆಂಡತಿಗೆ ಒಪ್ಪಿಸಿ ಬೆಂಗಳೂರಿನ ಬಸ್ಸು ಹತ್ತುತ್ತಿದ್ದೆ.

ನಿಜವಾದ ಪಾತ್ರ ಸಿಕ್ಕಿದ್ದು ಒಂದೇ ಸಲ. ನಾಯಕಿಯ ತಂದೆ. ಚಿತ್ರೀಕರಣ ಸಾಣಾಪುರದ ಕೆರೆಯ ದಂಡೆಯಲ್ಲಿ. ಮನೆಯವರನ್ನು ಧಿಕ್ಕರಿಸಿ ಹೊರಟ ಮಗಳನ್ನು ತಂದೆ ತಡೆಯಲು ಬಂದು, ಕೊನೆಗೆ ತಾನೇ ಕೈಹಿಡಿದು ತೆಪ್ಪಕ್ಕೆ ಹತ್ತಿಸುತ್ತಾನೆ. ನಮ್ಮ ಸೀಮೆಯ ಮಾತೇ ಇರಲಿ ಎಂದು ನಿರ್ದೇಶಕ ಹೇಳಿದ್ದ. ಬರೆದುಕೊಟ್ಟ ಅರ್ಧ ಪುಟದ ಸಂಭಾಷಣೆ ಬಿಟ್ಟು, ನಾನು ಇಷ್ಟೇ ಹೇಳಿದೆ:

"ನೀ ಹೋಗವ್ವ. ನಾ ಇಲ್ಲೇ ಕುಂತಿರ್ತೀನಿ. ಹೊಳ್ಳಿ ನೋಡಬ್ಯಾಡ."

ಆ ಮಾತು ನನ್ನದಲ್ಲ. ಮನೆಯವರೆಲ್ಲ ಬೇಡವೆಂದರೂ ಹೆಂಡತಿ ನನ್ನ ಜೊತೆ ತನ್ನ ಊರು ತಳಕಲ್ ಬಿಟ್ಟು ಬಂದ ದಿನ, ಅವಳ ತಂದೆ ಬಸ್ಸಿನ ಹತ್ತಿರ ನಿಂತು ಅವಳಿಗೆ ಹೇಳಿದ್ದು. ಶೂಟಿಂಗಿನ ಹೊತ್ತಿಗೆ ಅವರು ತೀರಿಕೊಂಡಿದ್ದರು. ಅವಳನ್ನು ಕೇಳದೆಯೇ ಆ ಮಾತು ತೆಗೆದುಕೊಂಡೆ. ತೆರೆಯ ಮೇಲೆ ಕೇಳಿ ಖುಷಿಪಡುತ್ತಾಳೆ ಅಂದುಕೊಂಡಿದ್ದೆ.

ಡಬ್ಬಿಂಗಿಗೆ ನನ್ನನ್ನು ಕರೆಯಲಿಲ್ಲ. ಚಿತ್ರ ಬಂದಾಗ ಇಬ್ಬರೂ ಗಂಗಾವತಿಯ ಟಾಕೀಸಿಗೆ ಹೋದೆವು. ಆ ದೃಶ್ಯ ಬಂತು. ನನ್ನ ಬಾಯಿ ಆಡುತ್ತಿತ್ತು, ದನಿ ಬೇರೆಯವನದು. ನಮ್ಮ ಭಾಷೆಯನ್ನು ಎಳೆದೆಳೆದು, ಮೂಗಿನಲ್ಲಿ ಅಣಕಿಸುವ ದನಿ. ಟಾಕೀಸೆಲ್ಲ ನಕ್ಕಿತು. ನಮ್ಮ ಭಾಷೆ ಆಡುವವರೇ ನಕ್ಕರು.

ಇಬ್ಬರೂ ಹೊರಗೆ ಬಂದೆವು. ಹೆಂಡತಿ ಮೆಲ್ಲಗೆ ಕೇಳಿದಳು: "ನಮ್ಮಪ್ಪನ ಮಾತು ಅವರಿಗೆ ಕೊಡಾಕ ನಿಮಗ್ಯಾರು ಹೇಳಿದ್ರು?"

ನಿರ್ದೇಶಕನಿಗೆ ಫೋನ್ ಮಾಡಿದೆ. ನಮ್ಮ ಮಾತು ಬೆಂಗಳೂರಿನ ಜನಕ್ಕೆ ಸಪ್ಪೆ ಅನಿಸಿತಂತೆ, ಸ್ವಲ್ಪ ಕಾಮಿಡಿ ಬೆರೆಸಿದರಂತೆ. ಹಿಟ್ ಆಯಿತಲ್ಲ ಸರ್, ಇನ್ನೇನು ಬೇಕು ಅಂದ.

ಹಿಟ್ ಆಗಿದ್ದು ನಿಜ. ಮುಂದಿನ ಚಿತ್ರಕ್ಕೆ ಬೇರೊಬ್ಬರು ಕರೆದರು. ಡಬ್ಬಿಂಗೂ ನನ್ನದೇ ಅಂದರು. ಹೆಮ್ಮೆಯಿಂದ ಹೋದೆ. ಹೆಡ್‌ಫೋನ್ ಕೊಟ್ಟು ಆ ಅಪರಿಚಿತನ ದನಿಯನ್ನು ಕೇಳಿಸಿ, ಇದೇ ಥರ ಬೇಕು ಅಂದರು. ಎದ್ದು ಬರಬಹುದಿತ್ತು. ಬರಲಿಲ್ಲ. ನನ್ನನ್ನು ಅಣಕಿಸಿದವನನ್ನು ನಾನು ಅಣಕಿಸಲು ಕಲಿತೆ. ಹಾಗೆ ಒಂಬತ್ತು ಚಿತ್ರ ಮಾಡಿದೆ. ಹೆಂಡತಿ ಒಂದನ್ನೂ ನೋಡಲಿಲ್ಲ.

ಹೋದ ವರ್ಷ ತಳಕಲ್ಲಿನಲ್ಲಿ ಅವಳ ತಮ್ಮನ ಮಗುವಿಗೆ ಹೆಸರಿಡುವ ಕಾರ್ಯ. ಊಟ ಮುಗಿದ ಮೇಲೆ ಆ ತಮ್ಮನೇ ಎಲ್ಲರೆದುರು ಕೇಳಿದ: "ಮಾವಾ, ಅದೊಂದು ಡೈಲಾಗ್ ಹೇಳ್ರಿ. ತೆಪ್ಪದ್ದು."

ಅದು ತನ್ನ ಅಪ್ಪನ ಮಾತೆಂದು ಅವನಿಗೆ ಗೊತ್ತಿರಲಿಲ್ಲ. ಹೆಂಡತಿ ಎಲೆ ಎತ್ತುತ್ತಿದ್ದವಳು ನನ್ನ ಮುಖ ನೋಡಿದಳು. ಇಪ್ಪತ್ತು ಜನ ಕಾಯುತ್ತಿದ್ದರು. ಹೇಳಿದೆ, ಎಳೆದೆಳೆದು, ಮೂಗಿನಲ್ಲಿ. ಎಲ್ಲರೂ ನಕ್ಕರು. ಅವಳು ಎಲೆಗಳನ್ನು ಹಿತ್ತಲಿಗೆ ಒಯ್ದಳು.

ವಾಪಸು ಬರುವಾಗ ಬಸ್ಸಿನಲ್ಲಿ ಅವಳ ಪಕ್ಕದಲ್ಲೇ ಕೂತಿದ್ದೆ. ತಪ್ಪಾಯಿತು ಅನ್ನಲು ಬಾಯಿ ಬರಲಿಲ್ಲ. ಈವರೆಗೂ ಅಂದಿಲ್ಲ.