ಗೌರತ್ತೆಯ ಬಳೆ ಒಡೆಯುವ ಸೀನು

ಬೇಸಿಗೆ ರಜೆ ಎಂದರೆ ಬಾಗೂರಿನ ಅಜ್ಜಿ ಮನೆ, ಬೇರೆ ಊರೇ ಗೊತ್ತಿಲ್ಲದ ಕಾಲವದು. ನಮ್ಮಪ್ಪನ ಅಕ್ಕ ಗೌರತ್ತೆ ಸಿನಿಮಾದವಳು. ನರ್ಸು, ಹಾಸ್ಟೆಲ್ ವಾರ್ಡನ್ನು, ಚಾಡಿ ಹೇಳುವ ಪಕ್ಕದ ಮನೆಯವಳು, ಸೊಸೆಗೆ ಬರೆ ಹಾಕುವ ಅತ್ತೆ, ಏನು ಕೊಟ್ಟರೂ ಮಾಡುತ್ತಿದ್ದಳು. ನಮಗೋ ಜಂಬವೋ ಜಂಬ. ಅಜ್ಜಿ ಮಾತ್ರ ಮಗಳ ಒಂದು ಸಿನಿಮಾವನ್ನೂ ನೋಡಿರಲಿಲ್ಲ. "ಮಾನಸ್ತರ ಮನೆ ಹೆಣ್ಣು ಬಣ್ಣ ಬಳ್ಕೊಳ್ಳೋದ್ನ ನಾನ್ಯಾಕ್ ನೋಡ್ಲಿ?" ಎನ್ನುತ್ತಿದ್ದಳು.

ಆ ವರ್ಷ ಅತ್ತೆ ಹಠ ಹಿಡಿದಳು. "ಈ ಸಲ ದೊಡ್ಡ ಪಾತ್ರ ಕಣವ್ವ. ಊರೋರೆಲ್ಲ ಹೊಗಳುದ್ರೇನು, ನೀನು ಒಂದ್ ಮಾತು ಚೆನ್ನಾಗೈತೆ ಅನ್ಬೇಕು."

ಮುದ್ದೆ ತೊಳಸುತ್ತಿದ್ದ ಅಜ್ಜಿ ತಲೆ ಎತ್ತದೆ, "ಸರಿ, ಬತ್ತೀನಿ ನಡಿ" ಎಂದುಬಿಟ್ಟಳು!

ಬಸ್ಸು ಹತ್ತಿ ಚನ್ನರಾಯಪಟ್ಟಣಕ್ಕೆ ಮ್ಯಾಟಿನಿಗೆ ಹೋದೆವು. ಟಾಕೀಸಿನ ತುಂಬ ಬೀಡಿ ಹೊಗೆ, ಕಡಲೆಕಾಯಿ, ಮಲ್ಲಿಗೆ ಎಲ್ಲ ಬೆರೆತ ವಾಸನೆ. ಗುರುತು ಸಿಗದಿರಲೆಂದು ಅತ್ತೆ ತಲೆ ತುಂಬ ಸೆರಗು ಹೊದ್ದು ಕೂತಿದ್ದಳು. ಪರದೆ ಬಿಟ್ಟು ಅಜ್ಜಿಯ ಮುಖವನ್ನೇ ನೋಡುತ್ತಿದ್ದಳು.

ಸಿನಿಮಾದಲ್ಲಿ ಅತ್ತೆಯ ಗಂಡ ಸತ್ತ. ನಾಲ್ಕು ಹೆಂಗಸರು ಬಂದು ಅವಳ ಹಣೆ ಒರೆಸಿ, ಬಳೆ ಒಡೆಯಲು ಕೈ ಹಿಡಿದರು. ಅತ್ತೆ ಚೀರಿದಳು. ಅಷ್ಟೇ, ಅಜ್ಜಿ ದಡಕ್ಕನೆ ಎದ್ದು ನಿಂತಳು.

"ಬುಡ್ರೇ ಅವಳ್ನ! ನಿಮ್ ಕೈ ಸೇದೋಗ! ಅವಳ ಗಂಡ ಗುಂಡುಕಲ್ಲಂಗವ್ನೆ, ಹಾಸನದಲ್ಲಿ ಮೇಷ್ಟ್ರಾಗವ್ನೆ!"

ಟಾಕೀಸಿಗೆ ಟಾಕೀಸೇ ಬಿದ್ದುಬಿದ್ದು ನಕ್ಕಿತು. "ಕೂತ್ಕಳವ್ವೋ, ಕಾಣಕಿಲ್ಲ!" ಎಂದು ಹಿಂದಿನಿಂದ ಯಾರೋ ಕೂಗಿದರು. ನನಗಂತೂ ನಾಚಿಕೆಯಿಂದ ಸಾಯುವಂತಾಯಿತು. ಅಜ್ಜಿ ಯಾರಿಗೂ ಸೊಪ್ಪು ಹಾಕದೆ ಅತ್ತೆಯ ರಟ್ಟೆ ಹಿಡಿದು ಹೊರಗೆಳೆದು ತಂದಳು. ನೇರ ಎದುರಿನ ಬಳೆ ಅಂಗಡಿಗೆ ನುಗ್ಗಿ, "ಇವಳ ಎರಡು ಕೈಗೂ ತುಂಬ ಹಸಿರು ಬಳೆ ತೊಡ್ಸಪ್ಪ" ಎಂದಳು.

"ಪಾತ್ರ ಹೆಂಗಿತ್ತವ್ವ?" ಅತ್ತೆ ಮೆಲ್ಲಗೆ ಕೇಳಿದಳು.

"ಸುಡ್ಲಿ ನಿನ್ ಪಾತ್ರ! ಹೆತ್ತೊಟ್ಟೆಗೆ ಬೆಂಕಿ ಬಿದ್ದಂಗಾಯ್ತು."

ಅತ್ತೆ ಕಣ್ಣೀರು ಸುರಿಸುತ್ತಲೇ ನಕ್ಕಳು. ನನ್ನ ಕಡೆ ತಿರುಗಿ, "ಚೆನ್ನಾಗಿತ್ತಂತೆ ಕಣೇ" ಎಂದಳು.

ಅಜ್ಜಿ ಮತ್ತೆಂದೂ ಟಾಕೀಸಿಗೆ ಕಾಲಿಡಲಿಲ್ಲ. ಆದರೆ ಅತ್ತೆ ವಿಧವೆಯ ಪಾತ್ರ ಮಾಡಿ ಬಂದಾಗಲೆಲ್ಲ ಎಣ್ಣೆ ನೀರು ಹಾಕಿ, ಬಳೆ ತೊಡಿಸಿ, ಒಬ್ಬಟ್ಟು ಮಾಡಿ ಬಡಿಸುತ್ತಿದ್ದಳು. ಒಬ್ಬಟ್ಟಿನ ಆಸೆಗೆ ನಾವು ಮಕ್ಕಳು ಅಂಥ ಪಾತ್ರಗಳು ಇನ್ನಷ್ಟು ಸಿಗಲಿ ಎಂದು ದೇವರಿಗೆ ಕೈ ಮುಗಿಯುತ್ತಿದ್ದೆವು, ಪಾಪಿಗಳು!

ಈಗ ಅಜ್ಜಿಯೂ ಇಲ್ಲ, ಮಾವನೂ ಇಲ್ಲ. ಎಪ್ಪತ್ತು ದಾಟಿದ ಅತ್ತೆ ಧಾರಾವಾಹಿಗಳಲ್ಲಿ ಅಜ್ಜಿಯಾಗಿದ್ದಾಳೆ, ಕೈ ತುಂಬ ಕೆಲಸ, ಗಟ್ಟಿಮುಟ್ಟಾಗಿದ್ದಾಳೆ. ಮೊನ್ನೆ ಒಂದರಲ್ಲಿ ಅವಳೇ ಸತ್ತಳು. ನಾನು ಟೀವಿ ಮುಂದೆ ಕೂತು ನೋಡಿ, ಫೋನ್ ಮಾಡಿ, "ಎಷ್ಟ್ ಚೆನ್ನಾಗಿ ಮಾಡಿದೀಯ ಅತ್ತೆ" ಎಂದೆ.

"ಹೂಂ ಕಣವ್ವ, ಎಲ್ರೂ ಅಂಗೇ ಅಂದ್ರು," ಎಂದಳು. ಆಮೇಲೆ, "ಈಗ ಎಲ್ರಿಗೂ ಅದು ಬರೀ ಪಾತ್ರ ಅಂತ ಗೊತ್ತು" ಎಂದಳು.